ದೌಂಡದಿಂದ ಒಂದು ರಿಂಗ್

ರೈಲ್ವೆ ಕ್ವಾರ್ಟರ್ಸ್, ದೌಂಡ
3 ಮಾರ್ಚ್ 2024

ಅಕ್ಕೂಬಾಯಿಯವರಿಗೆ ಅನುಸೂಯಾ ಮಾಡುವ ನಮಸ್ಕಾರ.

ಪುಣೆಯ ಸದಾಶಿವ ಪೇಠ ಬಿಟ್ಟು ಬಂದು ನಾಳೆಗೆ ಎರಡು ತಿಂಗಳು. ನಮ್ಮ ಮನೆಯವರಿಗೆ ಇಲ್ಲಿಯ ಯಾರ್ಡಿನ ಕೆಲಸ ಒಗ್ಗಿದೆ. ನನಗೆ ಈ ಊರು ಇನ್ನೂ ಒಗ್ಗಿಲ್ಲ. ಎರಡು ಕೋಣೆ, ಹಿಂದೆ ಒಂದು ಬೇವಿನ ಮರ, ತಲೆಯ ಮೇಲೆ ಬೋಳು ಮಾಳಿಗೆ. ಹನ್ನೊಂದು ವರ್ಷ ವಾಡೆಯ ವಠಾರದಲ್ಲಿ ಗೋಡೆಗೆ ಗೋಡೆ ಹತ್ತಿ ಇದ್ದೆವು, ಬಡಿದರೆ ಸಾಕು ನೀವು ಓಗೊಡುತ್ತಿದ್ದಿರಿ. ಇಲ್ಲಿ ಗೋಡೆಯ ಆಚೆ ಯಾರೂ ಇಲ್ಲ.

ಫೋನ್ ಮಾಡಬಾರದೇನು, ಕಾಗದ ಯಾಕೆ ಎಂದು ನಮ್ಮವರು ನಗುತ್ತಾರೆ. ನಿಮ್ಮ ಹೋಟೆಲಿನ ಗದ್ದಲದಲ್ಲಿ ಏನು ಮಾತು ಆಗುತ್ತದೆ, ಹೇಳಿ. ಮೇಲಾಗಿ ನಾಲ್ಕನೇ ಇಯತ್ತೆಗೆ ಶಾಲೆ ಬಿಟ್ಟ ನನ್ನನ್ನು ಕೂರಿಸಿಕೊಂಡು ಅಕ್ಷರ ತಿದ್ದಿಸಿದವರು ನೀವು. "ಮಾತು ಹೇಗೆ ಬೇಕಾದರೂ ಇರಲಿ ಮಾರಾಯ್ತಿ, ಬರೆಯುವಾಗ ಪುಸ್ತಕದ ಕನ್ನಡ ಬರೆ" ಎಂದವರೂ ನೀವೇ. ಬರೆಯದಿದ್ದರೆ ಮರೆತು ಹೋದೀತು ಎಂದು ಈ ಇನ್‌ಲ್ಯಾಂಡ್ ತಂದಿದ್ದೇನೆ.

ಈಗ ಮುಖ್ಯ ಮಾತು. ಈ ಮಾಳಿಗೆಯಿಂದ ಮೂಡಣ ದಿಕ್ಕು ಪೂರ್ತಿ ಕಾಣುತ್ತದೆ. ನಿಮಗೆ ಆ ಮೊದಲ ಬೇಸಿಗೆ ನೆನಪಿದೆಯೇ? ವಾಡೆಯ ಗಚ್ಚಿನ ಮಾಳಿಗೆಯ ಮೇಲೆ ಹಲಸಿನ ಹಪ್ಪಳ ಹರವಿ, ಮಳೆ ಬಂದರೆ ಸಮುದ್ರದ ಕಡೆಯಿಂದಲೇ ತಾನೆ ಎಂದು ಇಡೀ ಮಧ್ಯಾಹ್ನ ಪಡುವಣಕ್ಕೆ ಮುಖ ಮಾಡಿ ಕೂತಿದ್ದಿರಿ. ಮೋಡ ಬೆನ್ನ ಹಿಂದಿನಿಂದ ಬಂದು ಹಪ್ಪಳ ಅಂಬಲಿ ಮಾಡಿ ಹೋಯಿತು. ಕರಾವಳಿಯವರ ಕುತ್ತಿಗೆ ಒಂದೇ ಕಡೆ ತಿರುಗುತ್ತದೆ ಎಂದು ನಾನು ಎಷ್ಟು ನಕ್ಕಿದ್ದೆ. ಈಗ ಆ ಹೊಸ ಬಿಲ್ಡಿಂಗ್ ಎದ್ದು ನಿಮ್ಮ ಮೂಡಣವೇ ಮುಚ್ಚಿಹೋಗಿದೆ. ದೌಂಡ ನಿಮಗೆ ಮೂಡಣಕ್ಕೇ ಇದೆ, ಬೇಸಿಗೆಯ ಮೋಡ ನನ್ನ ಮೇಲೆ ಎರಡು ಗಂಟೆಗೆ ಬಂದರೆ ನಿಮಗೆ ನಾಲ್ಕಕ್ಕೆ ಮುಟ್ಟುತ್ತದೆ. ಆದ್ದರಿಂದ ಕಂಡ ಕೂಡಲೇ ಒಂದು ರಿಂಗ್ ಕೊಟ್ಟು ಕತ್ತರಿಸುತ್ತೇನೆ. ನೀವು ಎತ್ತಬಾರದು, ತಿರುಗಿ ಮಾಡಬಾರದು. ರಿಂಗ್ ಬಂತೆಂದರೆ ಗಚ್ಚಿನ ಮೇಲಿನದು ಒಳಗೆ. ನಿಮಗಾಗಿ ಆಕಾಶ ನೋಡಲು ನನ್ನನ್ನು ಬಿಟ್ಟು ಇನ್ನು ಯಾರಿದ್ದಾರೆ?

ನಿಮ್ಮ
ಅನುಸೂಯಾ

ಸದಾಶಿವ ಪೇಠ, ಪುಣೆ
16 ಮಾರ್ಚ್ 2024

ಪ್ರೀತಿಯ ಅನುಸೂಯಾ,

ನಿನ್ನ ಕಾಗದ ಓದಿ ಇವರಿಗೂ ಓದಿ ಹೇಳಿದೆ. ಇವರು ಗಲ್ಲಾ ಮೇಲೆ ಕೂತೇ ನಕ್ಕರು. ರಿಂಗಿನ ಏರ್ಪಾಟು ನನಗೆ ಒಪ್ಪಿಗೆ.

ನಿನ್ನ ಕೋಣೆಗೆ ಬಾಡಿಗೆಯವರು ಬಂದಿದ್ದಾರೆ. ಪ್ರಣೀತಾ ಎಂದು, ಬೆಂಗಳೂರಿನ ಹುಡುಗಿ, ಇಪ್ಪತ್ತೇಳು ವರ್ಷ. ಮೋಡ, ಗುಡುಗು ಇವುಗಳ ಬಗ್ಗೆಯೇ ಓದಿ ಇಲ್ಲಿ ಸಂಶೋಧನೆಗೆ ಬಂದಿದ್ದಾಳೆ. ಆಕಾಶ ನೋಡಲು ಸಂಬಳ ಕೊಡುತ್ತಾರೆ ನೋಡು, ನಿನ್ನನ್ನು ಹನ್ನೊಂದು ವರ್ಷ ಬಿಟ್ಟಿ ದುಡಿಸಿದೆವು. ರಾತ್ರಿ ಊಟ ನಮ್ಮಲ್ಲೇ. ಊಟದ ಜೊತೆ ನನಗೆ ಪಾಠವೂ ಆಗುತ್ತದೆ.

ಗಾಳಿ ಎಂದರೆ ಎಲ್ಲ ಒಂದೇ ಎಂದುಕೊಂಡಿದ್ದೆ. ಹಾಗಲ್ಲವಂತೆ. ಗಾಳಿ ಒಂದು ಕಡೆ ಬಹಳ ದಿನ ಕೂತರೆ ಆ ನೆಲದ ಗುಣ ಹಿಡಿಯುತ್ತದೆ. ರಾಜಸ್ಥಾನದ ಮರಳಿನ ಮೇಲೆ ಕೂತದ್ದು ಒಣಗಿ ಕಾಯುತ್ತದೆ, ಬಂಗಾಳ ಕೊಲ್ಲಿಯ ಮೇಲೆ ಕೂತದ್ದು ಒದ್ದೆಯಾಗುತ್ತದೆ. ಅಂಥ ನೂರಾರು ಮೈಲಿ ಅಗಲದ ಗಾಳಿಗೆ ವಾಯುರಾಶಿ ಎಂದು ಹೆಸರು. ಎರಡು ವಾಯುರಾಶಿ ಎದುರಾದರೆ ಸಕ್ಕರೆ ಹಾಲಿನ ಹಾಗೆ ಬೆರೆಯುವುದಿಲ್ಲ. ನಡುವೆ ಗಡಿ ಬೀಳುತ್ತದೆ, ಅದನ್ನು ಫ್ರಂಟ್ ಎನ್ನುತ್ತಾಳೆ. ಭಾರದ ಗಾಳಿ ಕೆಳಗೆ ನುಗ್ಗುತ್ತದೆ, ಹಗುರದ್ದನ್ನು ಮೇಲಕ್ಕೆ ಎತ್ತಿ ಹಾಕುತ್ತದೆ, ಮೇಲೆ ಹೋದದ್ದು ತಣ್ಣಗಾಗಿ ಮೋಡ ಕಟ್ಟುತ್ತದೆ. ತಣ್ಣನೆಯ ದೇಶಗಳಲ್ಲಿ ಈ ಗಡಿ ಬಹಳ ಗಟ್ಟಿಯಂತೆ. ನಮ್ಮಲ್ಲಿ ಅಷ್ಟಿಲ್ಲ, ಆದರೂ ಏಪ್ರಿಲ್ ಮೇ ತಿಂಗಳಲ್ಲಿ ಒಣ ಗಾಳಿಗೂ ಒದ್ದೆ ಗಾಳಿಗೂ ನಮ್ಮ ತಲೆಯ ಮೇಲೆಯೇ ಮುಖಾಮುಖಿ. ಒಂದೇ ಮನೆಗೆ ಬಂದ ಸವತಿಯರು ಎಂದು ನಾನು ಹೇಳಿದೆ. ಅವಳು ಅನ್ನ ನೆತ್ತಿಗೇರುವಷ್ಟು ನಕ್ಕಳು.

ನಿನಗೆ ಅವಳು ಬಹಳ ಇಷ್ಟವಾಗುತ್ತಾಳೆ.

ಅಕ್ಕು

ದೌಂಡ
24 ಮಾರ್ಚ್ 2024

ಅಕ್ಕೂಬಾಯಿಯವರಿಗೆ,

ಕಾಗದ ಮುಟ್ಟಿತು. ಕೋಣೆ ಖಾಲಿ ಇಡಲು ಆಗುತ್ತದೆಯೇ, ಯಾರಾದರೂ ಬರಲೇಬೇಕು. ಕಿಟಕಿಯ ಪಕ್ಕದ ಮೊಳೆ ನಾನು ಹೊಡೆದದ್ದು, ಅದಕ್ಕೆ ಭಾರದ ಚೀಲ ಹಾಕಬೇಡ ಎಂದು ಆ ಹುಡುಗಿಗೆ ಹೇಳಿ.

ಸವತಿಯರು ಎಂದು ಯಾರನ್ನು ನೆನೆಸಿಕೊಂಡು ಹೇಳಿದಿರೋ ನನಗೆ ಗೊತ್ತಿಲ್ಲ. ನಾನು ಕೇಳುವುದೂ ಇಲ್ಲ. ನಕ್ಕವರಿಗೆ ಗೊತ್ತಿರಬೇಕು.

ರಾಜಸ್ಥಾನ, ಬಂಗಾಳ ನಾನು ನೋಡಿಲ್ಲ. ನನಗೆ ಗೊತ್ತಿರುವುದು ಇಷ್ಟೇ. ಮಧ್ಯಾಹ್ನ ಬೇವಿನ ಎಲೆ ಅಲುಗಾಡುವುದು ನಿಲ್ಲಬೇಕು. ಯಾರ್ಡಿನ ಕೆಂಪು ನಿಶಾನೆ ಕೋಲಿಗೆ ಅಂಟಿಕೊಳ್ಳಬೇಕು. ಮೂಡಣದಲ್ಲಿ ಬಿಳಿ ಮೋಡ ಹೂಕೋಸಿನ ಹಾಗೆ ಏರಬೇಕು, ಏರಿ ಏರಿ ಅದರ ತಲೆ ಚಪ್ಪಟೆಯಾಗಿ ಹರಡಿತೆಂದರೆ ಎರಡು ಗಂಟೆಯೊಳಗೆ ನಿಮಗೆ ಮಳೆ. ಇದಕ್ಕೆ ಹೆಸರು ಏನೆಂದು ನಿಮ್ಮ ಹುಡುಗಿಯನ್ನೇ ಕೇಳಿ. ಹೆಸರು ಇಲ್ಲದೆಯೂ ಆ ಮೊದಲ ಬೇಸಿಗೆಯ ನಂತರ ಹತ್ತು ವರ್ಷ ನಿಮ್ಮ ಹಪ್ಪಳ ನೆನೆಯಲಿಲ್ಲ.

ಅವಳ ರಾತ್ರಿಯ ಊಟಕ್ಕೆ ತಂಬುಳಿ ಮಾಡುತ್ತೀರಾ? ನನಗೆ ಮಾಡುತ್ತಿದ್ದ ಹಾಗೆ?

ಅನುಸೂಯಾ

ಪುಣೆ
10 ಏಪ್ರಿಲ್ 2024

ಪ್ರೀತಿಯ ಅನುಸೂಯಾ,

ಭಾನುವಾರ ನಿನ್ನ ರಿಂಗ್ ಬಂತು, ಎರಡು ಗಂಟೆ ಐದು ನಿಮಿಷಕ್ಕೆ. ಬಟ್ಟೆ, ಮೆಣಸಿನಕಾಯಿ ಎಲ್ಲ ಒಳಗೆ ತಂದೆ. ನಾಲ್ಕಕ್ಕೆ ಹತ್ತು ನಿಮಿಷ ಇರುವಾಗ ಮಳೆ. ಪ್ರಣೀತಾಳ ಫೋನಿನಲ್ಲಿಯೂ ಬಂದಿತ್ತು, ರಾಡಾರಿನ ಚಿತ್ರ ತೋರಿಸಿದಳು. ಹಸಿರು, ಹಳದಿ, ನಡುವೆ ಕೆಂಪು, ಥೇಟು ನಿನ್ನ ಇಳಕಲ್ ಸೀರೆಯ ಸೆರಗು.

ಮಳೆಗೆ ಮುಂಚೆ ಧೂಳೆಬ್ಬಿಸಿಕೊಂಡು ತಣ್ಣನೆ ಗಾಳಿ ಬೀಸುತ್ತದಲ್ಲ, ಅದು ಮೋಡದ ಹೊಟ್ಟೆಯಿಂದ ಬಿದ್ದ ಗಾಳಿಯಂತೆ. ನೆಲಕ್ಕೆ ಬಡಿದು ನಾಲ್ಕೂ ಕಡೆ ಓಡುತ್ತದೆ. ಓಡುತ್ತಾ ಮುಂದಿನ ಬಿಸಿ ಗಾಳಿಯನ್ನು ಮೇಲಕ್ಕೆ ಎಬ್ಬಿಸಿ ಇನ್ನೊಂದು ಮೋಡ ಹುಟ್ಟಿಸುತ್ತದೆ. ಹೀಗೆ ಒಂದರಿಂದ ಒಂದು ಹುಟ್ಟಿ ನಿನ್ನ ಊರಿನಿಂದ ನನ್ನ ಊರಿಗೆ ಬರುತ್ತವೆ. ನನಗೆ ಇದು ಬಹಳ ಹಿಡಿಸಿತು.

ನಾವಿಬ್ಬರೂ ಸೇರಿ ಒಂದು ಕೆಲಸ ಶುರು ಮಾಡಿದ್ದೇವೆ. ಏನೆಂದು ಈಗ ಹೇಳುವುದಿಲ್ಲ, ನೀನು ಬಂದಾಗ ತೋರಿಸುತ್ತೇನೆ. ಇಪ್ಪತ್ತೇಳಕ್ಕೆ ಊರಿನ ಬಸ್ಸಿನಲ್ಲಿ ಹಲಸು ಬರುತ್ತದೆ. ಯಾವತ್ತಿನ ಹಾಗೆ ಮುಂಚಿತವಾಗಿ ಹೇಳುತ್ತಿದ್ದೇನೆ, ನಾಲ್ಕು ಸೀರೆ ತೆಗೆದುಕೊಂಡು ಬಾ. ನೀನಿಲ್ಲದೆ ನಾನು ಹಪ್ಪಳ ಒತ್ತಿದ್ದಿಲ್ಲ.

ಅಕ್ಕು

ದೌಂಡ
18 ಏಪ್ರಿಲ್ 2024

ಅಕ್ಕೂಬಾಯಿಯವರಿಗೆ,

ಈ ವರ್ಷ ಬರಲು ಆಗುವುದಿಲ್ಲ. ನಮ್ಮವರಿಗೆ ಪಾಳಿ ಬದಲಾಗಿದೆ, ಹೊತ್ತಿಗೆ ಸರಿಯಾಗಿ ರೊಟ್ಟಿ ಬಡಿಯಬೇಕು. ರಜೆ ಬರೆದುಕೊಟ್ಟಿದ್ದರು, ಅದೂ ಸಿಕ್ಕಿಲ್ಲ.

ಕೆಲಸ ಶುರು ಮಾಡಿದ ಇಬ್ಬರು ಇದ್ದೀರಲ್ಲ. ನಾಲ್ಕು ಕೈ ಸಾಕು. ರಾಡಾರೂ ಇದೆ.

ಅನುಸೂಯಾ

ಪುಣೆ
30 ಏಪ್ರಿಲ್ 2024

ಅನುಸೂಯಾ,

ನಿನ್ನೆ ಇವರು ನಿನ್ನ ಗಂಡ ಧರ್ಮರಾಜರಿಗೆ ಫೋನ್ ಮಾಡಿದ್ದರು. ವಾರದಿಂದ ರಜೆಯ ಮೇಲೆ ಮನೆಯಲ್ಲೇ ಇದ್ದೇನೆ ಎಂದರಂತೆ. ನಾನು ಏನೂ ಕೇಳುವುದಿಲ್ಲ. ಬೇಸರವಾಯಿತು ಎಂದು ಮಾತ್ರ ಬರೆಯುತ್ತೇನೆ.

ಹಲಸು ಬಂದಿದೆ. ಪ್ರಣೀತಾ ನಾಲ್ಕು ದಿನ ರಜೆ ಹಾಕಿ ಕೂತಿದ್ದಾಳೆ. ಅವಳು ಒತ್ತಿದ ಹಪ್ಪಳ ಒಂದೂ ದುಂಡಗಿಲ್ಲ, ಒಂದೊಂದೂ ಒಂದೊಂದು ದೇಶದ ನಕ್ಷೆ. ನಿನ್ನ ಮಣೆಯ ಮೇಲೆಯೇ ಕೂರಿಸಿದ್ದೇನೆ, ಬೇರೆ ಮಣೆ ಅವಳಿಗೆ ಎತ್ತರವಾಗುತ್ತದೆ. ಎಂಟುನೂರು ಆಗುತ್ತದೆ. ಭಾನುವಾರದಿಂದ ಬಿಸಿಲಿಗೆ ಹಾಕುತ್ತೇನೆ, ಮೂರು ದಿನ ಒಣಗಬೇಕು.

ಮೂಡಣದ ಕಡೆ ನೋಡುತ್ತಿರು.

ಅಕ್ಕು

ದೌಂಡ
9 ಮೇ 2024

ಅಕ್ಕೂಬಾಯಿಯವರಿಗೆ,

ಸೋಮವಾರ ಪುಣೆಯಲ್ಲಿ ಆಲಿಕಲ್ಲು ಬಿತ್ತೆಂದು ಗಾಡಿಯಿಂದ ಇಳಿದವರು ಹೇಳಿದರು. ನನಗೆ ಆ ದಿನ ಮಧ್ಯಾಹ್ನ ಉಂಡು ಅಡ್ಡಾದದ್ದೇ ನಿದ್ದೆ ಹತ್ತಿಬಿಟ್ಟಿತು. ಎದ್ದಾಗ ಐದು ಗಂಟೆ. ಮೋಡ ನೋಡಲಿಲ್ಲ.

ಹಪ್ಪಳ ತೆಗೆದಿರಬೇಕು ನೀವು. ಆ ಹುಡುಗಿಯ ಫೋನಿನಲ್ಲಿ ಬಂದೇ ಬಂದಿರುತ್ತದೆ.

ಅನುಸೂಯಾ

ಪುಣೆ
14 ಮೇ 2024

ಪ್ರೀತಿಯ ಅನುಸೂಯಾ,

ಈ ಕಾಗದವನ್ನು ನಾನು ಹೇಳುತ್ತಿದ್ದೇನೆ, ಪ್ರಣೀತಾ ಬರೆಯುತ್ತಿದ್ದಾಳೆ. ನನಗೆ ಸದ್ಯ ಬರೆಯಲು ಆಗುತ್ತಿಲ್ಲ.

ಹಪ್ಪಳ ನೆನೆಯಿತು. ನಿದ್ದೆ ಯಾರಿಗೆ ಬರುವುದಿಲ್ಲ. ಮನಸ್ಸಿಗೆ ಹಚ್ಚಿಕೊಳ್ಳಬೇಡ. ಎಲ್ಲ ಸೌಖ್ಯ.

ಅಕ್ಕು

ದೌಂಡ
19 ಮೇ 2024

ಅಕ್ಕೂಬಾಯಿಯವರಿಗೆ,

ನಿಮ್ಮ ಹೆಸರಿನ ಕಾಗದ ಬಂತು. ಒಡೆದರೆ ಬೇರೆಯವರ ಅಕ್ಷರ. ದುಂಡು ದುಂಡಾಗಿ, ಶಾಲೆ ಕಲಿತವರ ಅಕ್ಷರ. ಬಾಗಿಲಲ್ಲಿ ನಿಂತು ಓದಿದವಳು ಅಲ್ಲೇ ಕೂತುಬಿಟ್ಟೆ.

ಕೋಣೆ ಕೊಟ್ಟಿರಿ, ಸುಮ್ಮನಿದ್ದೆ. ತಟ್ಟೆ ಹಾಕಿದಿರಿ, ಸುಮ್ಮನಿದ್ದೆ. ನನ್ನ ಮಣೆ ಕೊಟ್ಟಿರಿ. ಹಾಳಾಗಲಿ, ಅದು ಕಟ್ಟಿಗೆ. ಆದರೆ ಕಾಗದ ನಮ್ಮಿಬ್ಬರದಾಗಿತ್ತು. ಈ ಅಕ್ಷರ ನೀವು ನನ್ನ ಕೈ ಹಿಡಿದು ಕಲಿಸಿದ್ದು. ನನಗೆ ನಾಲ್ಕು ಸಾಲು ಬರೆಯಲೂ ನಿಮಗೆ ಪುರುಸೊತ್ತಿಲ್ಲ, ಅದಕ್ಕೂ ಅವಳೇ ಬೇಕು. ಅವಳ ಎದುರಿಗೆ ಕೂತು ನನಗೆ ಏನೇನು ಹೇಳಬೇಕೆಂದು ಇಬ್ಬರೂ ಮಾತಾಡಿಕೊಂಡಿರಿ. ಅದನ್ನು ನೆನೆದರೆ ಎದೆ ಉರಿಯುತ್ತದೆ.

ಗಾಳಿ ಎಲ್ಲಿ ಬಹಳ ದಿನ ಕೂರುತ್ತದೆಯೋ ಆ ನೆಲದ ಗುಣ ಹಿಡಿಯುತ್ತದೆ ಎಂದು ಬರೆದಿದ್ದಿರಿ. ನಾನು ನಿಮ್ಮ ಮನೆಯಲ್ಲಿ ಹನ್ನೊಂದು ವರ್ಷ ಕೂತವಳು. ಅವಳು ಕೂತು ಎಷ್ಟು ದಿನವಾಯಿತು?

ಎಲ್ಲ ಬರೆದೇಬಿಡುತ್ತೇನೆ. ಆ ಸೋಮವಾರ ನನಗೆ ನಿದ್ದೆ ಬಂದಿರಲಿಲ್ಲ. ಒಂದೂವರೆಯಿಂದ ಮಾಳಿಗೆ ಮೇಲೆಯೇ ಇದ್ದೆ. ಬೇವಿನ ಎಲೆ ನಿಂತಿತು. ನಿಶಾನೆ ಕೋಲಿಗೆ ಅಂಟಿತು. ಅಷ್ಟು ದೊಡ್ಡ ಮೋಡ ಈ ವರ್ಷ ನಾನು ಕಂಡಿಲ್ಲ, ತಲೆ ಹರಡಿ ಅರ್ಧ ಆಕಾಶ ಹಿಡಿದಿತ್ತು, ಬುಡ ಮಸಿಯ ಹಾಗೆ ಕಪ್ಪು. ಫೋನ್ ಕೈಯಲ್ಲಿತ್ತು. ನಿಮ್ಮ ನಂಬರ್ ತೆಗೆದೂ ಇದ್ದೆ. ಆಗ, ಅವಳ ಫೋನಿನಲ್ಲಿ ಬಂದಿರುತ್ತದೆ ಎಂದು ಅನಿಸಿತು. ನನ್ನ ರಿಂಗ್ ಬಂದಾಗ ನೀವಿಬ್ಬರೂ ಮುಖ ಮುಖ ನೋಡಿಕೊಂಡು, ಪಾಪ, ಇವಳೊಬ್ಬಳು ಎಂದು ನಗುತ್ತೀರಿ ಎಂದು ಅನಿಸಿತು. ಒಂದು ಸಲ ರಿಂಗ್ ಇಲ್ಲದೆ ಇರಲಿ, ನೋಡೋಣ, ಅವಳ ರಾಡಾರು ಹಪ್ಪಳ ಎತ್ತಿ ಒಳಗೆ ಇಡುತ್ತದೆಯೋ ಎಂದು ಅನಿಸಿತು.

ನಮ್ಮವರು ಕೆಳಗಿನಿಂದ ಕೂಗಿದರು, "ಮೋಡ ಭಾಳ ಕಟ್ಟ್ಯಾದ. ಅಕ್ಕೂಬಾಯಿಗೆ ರಿಂಗ್ ಕೊಟ್ಟಿಯೇನು?"

"ಹೌದ್ರಿ, ಕೊಟ್ಟೀನಿ" ಎಂದೆ.

ಹಪ್ಪಳ ನೆನೆಯಿತು ಎಂದು ಓದಿದಾಗ ನನಗೆ ಮೊದಲು ಸಂತೋಷವಾಯಿತು. ಅದನ್ನೂ ಬರೆಯುತ್ತೇನೆ, ಮುಚ್ಚಿಡುವುದಿಲ್ಲ. ಅವಳ ಯಂತ್ರ ಸೋತಿತು ಎಂದು ಸಂತೋಷವಾಯಿತು. ಈಗ ನಿಮ್ಮ ಮನಸ್ಸಿಗೆ ಬಂದದ್ದು ಮಾಡಿ. ಇದಕ್ಕೆ ಉತ್ತರವನ್ನೂ ಅವಳ ಕೈಯಲ್ಲೇ ಬರೆಸಿ.

ಅನುಸೂಯಾ

ಪುಣೆ
2 ಜೂನ್ 2024

ಅನುಸೂಯಾ,

ಅಕ್ಷರ ಸೊಟ್ಟಗಿದೆ, ಬೈಯಬೇಡ. ಎಡಗೈಯಲ್ಲಿ ಬರೆಯುತ್ತಿದ್ದೇನೆ. ದಿನಕ್ಕೆ ಐದಾರು ಸಾಲು ಆಗುತ್ತದೆ. ಈ ಕಾಗದಕ್ಕೆ ಒಂದು ವಾರಕ್ಕಿಂತ ಹೆಚ್ಚು ಹಿಡಿಯಿತು.

ಬಲಗೈಯ ಮಣಿಕಟ್ಟು ಎರಡು ಕಡೆ ಮುರಿದಿದೆ. ಆ ಸೋಮವಾರವೇ. ನಾಲ್ಕು ಗಂಟೆಗೆ ತಣ್ಣನೆ ಗಾಳಿ ನುಗ್ಗಿತು, ಚಾಪೆಗಳು ಹಾರತೊಡಗಿದವು, ನಾನು ಗಚ್ಚಿಗೆ ಓಡಿದೆ. ಎರಡು ಚಾಪೆ ಎತ್ತಿಕೊಂಡು ಇಳಿಯುವಾಗ ಮೆಟ್ಟಿಲ ಮೇಲೆ ಆಲಿಕಲ್ಲು. ಜಾರಿದೆ. ನಿನಗೆ ನಿದ್ದೆ ಬಂದಿತ್ತು ಎಂದು ನೀನು ಬರೆದಿದ್ದೆ. ಕೈ ಮುರಿದದ್ದು ಗೊತ್ತಾದರೆ ಒಂದು ನಿದ್ದೆಗಾಗಿ ಸಾಯುವವರೆಗೆ ಕೊರಗುತ್ತೀ ಎಂದು ಮುಚ್ಚಿಟ್ಟೆ. ಪ್ರಣೀತಾ ಕೈ ಮುರಿದದ್ದನ್ನು ಬರೆಯೋಣ ಎಂದಳು. ಬೇಡವೆಂದು ನಾನೇ ಗದರಿದೆ.

ನೀನು ಅವಳ ಯಂತ್ರ ಸೋತಿತು ಎಂದು ಬರೆದಿದ್ದೀ. ಸೋಲಲಿಲ್ಲ. ಎರಡೂವರೆಗೆ ಅವಳು ಆಫೀಸಿನಿಂದ ಫೋನ್ ಮಾಡಿದಳು. "ಆಂಟಿ, ಈಸ್ಟಿಂದ ದೊಡ್ಡ ಸ್ಟಾರ್ಮ್ ಬರ್ತಿದೆ, ಎಲ್ಲಾ ಒಳಗೆ ತೆಗ್ದುಬಿಡಿ" ಎಂದಳು. ನಾನು ಏನೆಂದೆ ಗೊತ್ತೇ? "ದೌಂಡದಿಂದ ರಿಂಗ್ ಬರ್ಲಿಲ್ಲ ಮಗಾ. ಅದು ಬೇರೆ ಎಲ್ಲಿಗೋ ಹೋಗ್ತದೆ" ಎಂದೆ. ಮೂರು ಗಂಟೆಗೆ ಅವಳು ಇನ್ನೊಮ್ಮೆ ಮಾಡಿದಳು. "ಅನುಸೂಯಾ ಮಾಳಿಗೆ ಮೇಲೆ ಇರ್ತಾಳೆ, ಅವಳಿಗಿಂತ ನಿನ್ನ ರಾಡಾರು ಹೆಚ್ಚಾ?" ಎಂದು ನಗಾಡಿ ಇಟ್ಟೆ. ಎಂಟುನೂರು ಹಪ್ಪಳದ ಪಕ್ಕ ಫೋನ್ ಇಟ್ಟುಕೊಂಡು ಕೂತಿದ್ದೆ. ಪಡುವಣಕ್ಕೆ ಮುಖ ಮಾಡಿ.

ನಾವಿಬ್ಬರು ಶುರು ಮಾಡಿದ ಕೆಲಸ ಏನೆಂದು ಈಗ ಹೇಳುತ್ತೇನೆ. ಅದೊಂದು ಪುಸ್ತಕ. ನಿನ್ನ ರಿಂಗ್ ಬಂದ ದಿನ, ಗಳಿಗೆ, ಇಲ್ಲಿ ಮಳೆ ಬಂದ ಗಳಿಗೆ, ಮೂರು ಸಾಲಾಗಿ ಬರೆದಿದ್ದೇವೆ. ಐದು ರಿಂಗ್, ಐದಕ್ಕೂ ಮಳೆ. ಎರಡು ಸಲ ನೀನು ಅವಳ ಫೋನಿಗಿಂತ ಮುಂಚೆ ಹೇಳಿದ್ದೀ. ಅದನ್ನು ಅವಳು ಆಫೀಸಿನಲ್ಲಿ ದೊಡ್ಡವರಿಗೆ ತೋರಿಸಿದ್ದಾಳೆ, ನಿನ್ನನ್ನು ನೋಡಬೇಕೆಂದಿದ್ದಾರೆ. ಹಪ್ಪಳಕ್ಕೆ ಬಂದಾಗ ತೋರಿಸಿ ನಿನ್ನ ಮುಖ ನೋಡಬೇಕೆಂದು ಇಟ್ಟುಕೊಂಡಿದ್ದೆ. ಮೊದಲ ಹಾಳೆಯ ಮೇಲೆ ಅವಳ ದುಂಡು ಅಕ್ಷರದಲ್ಲಿ "ಅನುಸೂಯಾ, ವೀಕ್ಷಕಿ, ದೌಂಡ" ಎಂದಿದೆ.

ನಿನ್ನ ಕಾಗದವನ್ನು ಅವಳಿಗೆ ತೋರಿಸಿಲ್ಲ. ಇವರಿಗೂ ಓದಿ ಹೇಳಿಲ್ಲ, ಮೊದಲ ಬಾರಿಗೆ. ಮೇ ಆರರ ಎದುರಿಗೆ ಅವಳು "ವೀಕ್ಷಕಿ ನಿದ್ದೆಯಲ್ಲಿದ್ದರು" ಎಂದು ಬರೆದುಕೊಂಡಿದ್ದಾಳೆ. ಅದು ಹಾಗೆಯೇ ಇರಲಿ ಎಂದು ಬಿಟ್ಟಿದ್ದೇನೆ.

ನನಗೆ ಸಿಟ್ಟು ಬಂದಿದೆ ಅನುಸೂಯಾ. ಕೈಗಾಗಿ ಅಲ್ಲ, ಹಪ್ಪಳಕ್ಕಾಗಿ ಅಲ್ಲ. ಫೋನ್ ಕೈಯಲ್ಲಿ ಹಿಡಿದುಕೊಂಡು ಸುಮ್ಮನೆ ನಿಂತೆಯಲ್ಲ, ಅದಕ್ಕೆ. ಆ ಸಾಲನ್ನು ದಿನಾ ಓದುತ್ತೇನೆ. ಸದ್ಯಕ್ಕೆ ಬರಬೇಡ. ಬಂದರೆ ನಿನ್ನ ಮುಖ ನೋಡಿ ಅತ್ತು ಎಲ್ಲ ಸರಿಯಾಯಿತು ಎಂದುಬಿಡುತ್ತೇನೆ, ಇನ್ನೂ ಸರಿಯಾಗಿಲ್ಲ.

ಮುಂಗಾರು ಕಾರವಾರದ ಹತ್ತಿರ ಬಂದಿದೆಯಂತೆ. ಇನ್ನು ನಾಲ್ಕು ತಿಂಗಳು ಮಳೆ ನನ್ನ ದಿಕ್ಕಿನಿಂದ, ಸಮುದ್ರದ ಕಡೆಯಿಂದ. ನನಗೇ ಕಾಣುತ್ತದೆ, ನೀನು ನೋಡುವುದು ಬೇಡ. ಅಕ್ಟೋಬರಿನಲ್ಲಿ ಗಾಳಿ ತಿರುಗುತ್ತದೆ, ಆಗ ಮೋಡ ಮತ್ತೆ ನಿನ್ನ ತಲೆಯ ಮೇಲಿಂದ ಬರುತ್ತದೆ. ಕಂಡರೆ ರಿಂಗ್ ಕೊಡು. ಅಷ್ಟು ಹೊತ್ತಿಗೆ ಪ್ರಣೀತಾಳ ಮಾತು ಕೇಳಿ ಗಚ್ಚಿನ ಮೇಲಿನದೆಲ್ಲ ಒಳಗೆ ತೆಗೆದಿಟ್ಟಿರುತ್ತೇನೆ.

ಆದರೂ ಕೊಡು.

ಅಕ್ಕು